ಎಡ ಹೆಬ್ಬೆರಳಿನ ಕಾರುಬಾರು

೧೯೮೮, ಏಪ್ರಿಲ್ ೮, ಶುಕ್ರವಾರ

ಅಯೋವಾ ಪ್ರಾಂತದ ಸಮಸ್ತ ಮಹಾಜನರಿಗೆ, ಮಿಸಿಸಿಪ್ಪಿ ನದಿಯ ಎರಡೂ ದಂಡೆಯ ನಿವಾಸಿಗಳಿಗೆ, ನದಿಯೊಳಗಿನ ಮೀನುಗಳಿಗೂ ಸೇರಿಸಿ ಈ ಮೂಲಕ ಸಾರುವುದೇನೆಂದರೆ: ಆರ್ಲೋ ವಾನಿಚೆಕ್ ಎಂಬ ಐವತ್ತೆಂಟು ವರ್ಷದ ನಾನು, ನಲವತ್ತು ವರ್ಷ ಎಡಗೆನ್ನೆಯಲ್ಲಿ ಬಾಡಿಗೆ ಇಲ್ಲದೆ ಇರಿಸಿಕೊಂಡಿದ್ದ ಹೊಗೆಸೊಪ್ಪನ್ನು ಇಂದು ಬೆಳಿಗ್ಗೆ ಎಂಟು ಗಂಟೆ ಹತ್ತು ನಿಮಿಷಕ್ಕೆ ಶಾಶ್ವತವಾಗಿ ಉಗುಳಿ, ಸೂರ್ಯಕಾಂತಿ ಬೀಜಕ್ಕೆ ವರ್ಗವಾಗಿದ್ದೇನೆ.

ಸುದ್ದಿಯನ್ನು ಮೊದಲು ತಿಳಿಸಿದ್ದು ಹೆಂಡತಿ ಡೊರೀನ್‌ಗೆ. ಅವಳು ಹೆಣಿಗೆಯಿಂದ ತಲೆ ಎತ್ತದೆ, "ಇದು ಒಂಬತ್ತನೇ ಸಲ," ಎಂದಳು. ಇತಿಹಾಸ ನಿರ್ಮಾಣವಾಗುವಾಗ ಪಕ್ಕದಲ್ಲಿ ಕೂತವರ ಪ್ರತಿಕ್ರಿಯೆ ಯಾವಾಗಲೂ ಇಷ್ಟೇ.

ಚಟ ಬಿಡಿಸುವ ಕರಪತ್ರದಲ್ಲಿ 'ಕೈಗೆ ಏನಾದರೂ ಕೆಲಸ ಕೊಡಿ, ಆರಂಭದಲ್ಲಿ ಚಡಪಡಿಕೆ ಸಹಜ' ಎಂದಿತ್ತು. ಅದಕ್ಕೇ ಈ ನೋಟ್‌ಬುಕ್ಕು.

ನಾಳೆ ಆಟದ ಋತು ಶುರು. ನಮ್ಮೂರು ಕ್ವಿನ್ಸ್ ಲ್ಯಾಂಡಿಂಗ್. ನಮ್ಮ ತಂಡದ ಹೆಸರು ಮಸ್ಕ್‌ರಾಟ್ಸ್, ಅಂದರೆ ನೀರಿಲಿಗಳು. ಹುಲಿ, ಹದ್ದು, ಕರಡಿಗಳನ್ನೆಲ್ಲ ಬೇರೆ ಊರಿನವರು ಹಿಡಿದುಕೊಂಡು ಹೋದ ಮೇಲೆ ಉಳಿದದ್ದು ಅದೊಂದೇ ಪ್ರಾಣಿ. ಬೇಸ್‌ಬಾಲಿನ ಏಣಿಯಲ್ಲಿ ನಾವು ಕೆಳಗಿನಿಂದ ಎರಡನೇ ಮೆಟ್ಟಿಲು. ತುತ್ತತುದಿಯಲ್ಲಿ ನಮ್ಮನ್ನು ಸಾಕುವ ದೊಡ್ಡ ತಂಡವಿದೆ. ಅಲ್ಲಿ ಆಟ ನೋಡಲು ನಲವತ್ತು ಸಾವಿರ ಜನ ಬರುತ್ತಾರೆ. ನಮ್ಮಲ್ಲಿಗೆ ಎಂಟುನೂರು. ಅದರಲ್ಲೂ ಇನ್ನೂರು ಜನ ಬರುವುದು ಈರುಳ್ಳಿ ಹುರಿದು ಹಾಕಿದ ಸಾಸೇಜ್ ತಿನ್ನಲು.

ನಮ್ಮ ಆಟದಲ್ಲಿ ನಾಲ್ಕು ಮೂಲೆಗೆ ನಾಲ್ಕು ಬೇಸು, ಎಲ್ಲ ಸುತ್ತಿ ಬಂದರೆ ಒಂದು ರನ್. ನನ್ನ ಕೆಲಸ ಎರಡು. ಮಧ್ಯಾಹ್ನ ಒಳಮೈದಾನದ ಆಟಗಾರರಿಗೆ ನೆಲದ ಮೇಲೆ ಪುಟಿಯುವ ಚೆಂಡು ಹೊಡೆದು ಹೊಡೆದು, ಅದನ್ನು ಹಿಡಿಯಲು ಕಲಿಸುವುದು. ಸಂಜೆ ಆಟದ ಹೊತ್ತಿಗೆ ಮೂರನೇ ಬೇಸಿನ ಪಕ್ಕ ಸುಣ್ಣದಲ್ಲಿ ಬರೆದ ಚೌಕದೊಳಗೆ ನಿಂತು, ಬ್ಯಾಟು ಹಿಡಿದವನಿಗೂ ಬೇಸಿನ ಮೇಲಿರುವ ಓಟಗಾರನಿಗೂ ಸನ್ನೆ ಮಾಡುವುದು. ಟೋಪಿ ಮುಟ್ಟುವುದು, ಮೂಗು ತಿಕ್ಕುವುದು, ಕಿವಿ ಎಳೆಯುವುದು, ಎದೆ ಒರೆಸುವುದು. ನೋಡಿದವರು 'ಪಾಪ, ಮುದುಕನ ಅಂಗಿಯೊಳಗೆ ಇರುವೆ ಹೊಕ್ಕಿದೆ' ಎಂದುಕೊಳ್ಳಬೇಕು. ಇದೆಲ್ಲ ಎದುರಾಳಿಯ ಕಣ್ಣಿಗೆ ಮಣ್ಣು. ಈ ವರ್ಷದ ನಿಜವಾದ ಸನ್ನೆ ಒಂದೇ, ಅದು ನನ್ನ ಸ್ವಂತ ಆವಿಷ್ಕಾರ. ಎಡಗೈ ತೊಡೆಯ ಪಕ್ಕ ಸುಮ್ಮನೆ ಇಳಿಬಿದ್ದಿರುತ್ತದೆ. ಅದರ ಹೆಬ್ಬೆರಳು ತೋರುಬೆರಳನ್ನು ಮೆಲ್ಲಗೆ ತಿಕ್ಕಿತೋ, ಅದು 'ಓಡು' ಎಂಬ ಹುಕುಂ. ಎದುರಾಳಿ ಚೆಂಡು ಎಸೆಯುವ ಅರೆಗಳಿಗೆಯಲ್ಲಿ ಓಟಗಾರ ಮುಂದಿನ ಬೇಸನ್ನು ಕದ್ದುಬಿಡಬೇಕು. ನಮ್ಮ ಧಂದೆಯಲ್ಲಿ ಅದಕ್ಕೆ ಕಳ್ಳತನವೆಂದೇ ಹೆಸರು. ಹೆಚ್ಚು ಕದ್ದವನ ಚಿತ್ರ ಪೇಪರಿನಲ್ಲಿ ಬರುತ್ತದೆ.

ಮ್ಯಾನೇಜರ್ ಹರ್ಶೆಲ್ ಟಟಲ್ ನನಗಿಂತ ಹದಿನಾರು ವರ್ಷ ಚಿಕ್ಕವನು. ಸನ್ನೆ ನೋಡಿ, "ಇಷ್ಟು ಸಣ್ಣದು ಹುಡುಗ್ರಿಗೆ ಕಾಣುತ್ತಾ ಆರ್ಲೋ?" ಎಂದ.

"ಎಲ್ರಿಗೂ ಕಂಡ್ರೆ ಅದು ಸನ್ನೆ ಅಲ್ಲ ಕಣಯ್ಯ, ಜಾಹೀರಾತು," ಎಂದೆ.

ಏಪ್ರಿಲ್ ೨೭, ಬುಧವಾರ

ಆಡಿದ್ದು ಹದಿನೇಳು, ಸೋತದ್ದು ಹನ್ನೆರಡು. ಈ ವರ್ಷ ಈರುಳ್ಳಿಯೂ ಸರಿಯಿಲ್ಲ. ವಾಸನೆಯೇ ಇಲ್ಲ. ಸಾಸೇಜ್ ಅಂಗಡಿಯವಳಿಗೆ ಹೇಳಿದ್ದಕ್ಕೆ, "ಎರಡು ಬೀದಿ ಆಚೆ ಚರ್ಚಿನೋರು ಘಾಟು ಅಂತ ದೂರು ಕೊಟ್ಟಿದಾರೆ, ನಿಮಗೆ ಸಾಲ್ದಾ?" ಎಂದು ನನ್ನ ಮೇಲೇ ಹರಿಹಾಯ್ದಳು.

ಮನೆಗೆ ಬಂದರೆ ಡೊರೀನ್: "ಯಾಕೆ ಸಿಟ್ಟು?"

"ಸಿಟ್ಟಿಲ್ಲ."

"ಮತ್ತೆ ಮುಖ?"

"ಅದು ನನ್ನ ಮುಖ. ಮದುವೆಯ ದಿನವೂ ಇದೇ ಇತ್ತು."

"ಅವತ್ತು ಅಲುಗಾಡ್ತಿತ್ತು," ಎಂದಳು. ಹೆಂಗಸರ ಮಾತಿಗೆ ಕೆಲವೊಮ್ಮೆ ಅರ್ಥ ಹುಡುಕಬಾರದು.

ಕೂತರೆ ಏಳಬೇಕು ಅನಿಸುತ್ತದೆ, ಎದ್ದರೆ ಎಲ್ಲಿಗೆ ಎಂದು ತಿಳಿಯುವುದಿಲ್ಲ. ಹೊಗೆಸೊಪ್ಪಿನ ಶಾಪ.

ಮೇ ೧೪, ಶನಿವಾರ

ನಿನ್ನೆ ಸಂಜೆ ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಮ್ಯಾಕ್ ಓಲ್‌ಸ್ಟಾಡ್ ನಮ್ಮ ಕ್ಯಾಚರ್, ಬ್ಯಾಟು ಹಿಡಿದವನ ಬೆನ್ನ ಹಿಂದೆ ಕೂತು ಚೆಂಡು ಹಿಡಿಯುವವನು. ಬಸ್ಸಿನಲ್ಲಿ ಇಬ್ಬರ ಸೀಟಿನಲ್ಲಿ ಒಬ್ಬನೇ ಕೂರುವ ಆಸಾಮಿ. ವಯಸ್ಸು ಇಪ್ಪತ್ತೇಳು. ಆಯುಷ್ಯದಲ್ಲಿ ಕದ್ದ ಬೇಸುಗಳ ಲೆಕ್ಕ ಸೊನ್ನೆ. ಅವನು ಓಡುವಾಗ ಜನ, "ಲೋ ಮ್ಯಾಕ್, ಬೆನ್ನ ಮೇಲಿರೋ ಪಿಯಾನೋ ಇಳ್ಸಿ ಓಡೋ!" ಎಂದು ಕೂಗುತ್ತಾರೆ. ಅವನೂ ನಕ್ಕು ಟೋಪಿ ಎತ್ತುತ್ತಾನೆ.

ಸ್ಕೋರು ಸಮ. ಓಲ್‌ಸ್ಟಾಡ್ ಮೊದಲ ಬೇಸಿನಲ್ಲಿ. ನಾನು ಮೂಗು, ಕಿವಿ, ಟೋಪಿಗಳ ನಾಟಕ ಮುಗಿಸಿ, ಏನೂ ಹೇಳದೆ ಕೈ ಇಳಿಬಿಟ್ಟು ನಿಂತೆ. ಓಲ್‌ಸ್ಟಾಡ್ ನನ್ನನ್ನು ನೋಡಿದ. ಮತ್ತೆ ನೋಡಿದ. ಕಣ್ಣು ದೊಡ್ಡದಾಯಿತು. ಆಮೇಲೆ ದೇವರೇ, ಓಡಿದ! ಬೀರುವೊಂದು ಮೆಟ್ಟಿಲಿಂದ ಉರುಳುವ ಹಾಗೆ ಸದ್ದು. ಎದುರಾಳಿ ಕ್ಯಾಚರ್ ನಂಬಲಾಗದೆ ಚೆಂಡು ಹಿಡಿದುಕೊಂಡೇ ನಿಂತ, ಎಸೆಯಲೇ ಇಲ್ಲ. ಓಲ್‌ಸ್ಟಾಡ್ ಎರಡನೇ ಬೇಸನ್ನು ಹೊಟ್ಟೆಯಡಿ ಹಾಕಿಕೊಂಡು ಮಲಗಿದ. ಮುಂದಿನ ಹೊಡೆತಕ್ಕೆ ಅವನು ಮನೆ, ಅಂದರೆ ಕೊನೆಯ ಬೇಸು, ಮುಟ್ಟಿದ, ನಾವು ಗೆದ್ದೆವು.

"ಹುಚ್ಚು ಮುದ್ಕ!" ಎಂದು ಟಟಲ್ ನನ್ನ ಟೋಪಿ ಕಿತ್ತು ಬೋಳುತಲೆಗೆ ಮುತ್ತಿಟ್ಟ. "ಯಾರಿಗೆ ಹೊಳೆಯುತ್ತೆ ಇಂಥದ್ದು? ಯಾರಿಗೆ?"

ನನಗೂ ಹೊಳೆದಿರಲಿಲ್ಲ. ಓಲ್‌ಸ್ಟಾಡ್‌ನನ್ನು ಪಕ್ಕಕ್ಕೆ ಕರೆದು, "ಯಾರಯ್ಯ ಓಡು ಅಂದದ್ದು?" ಎಂದೆ.

"ನೀವೇ ಕೋಚ್. ಹೆಬ್ಬೆರಳು."

ಕೆಳಗೆ ನೋಡಿದೆ. ಎಡಗೈ ತೊಡೆಯ ಪಕ್ಕ ಇಳಿಬಿದ್ದಿತ್ತು. ಹೆಬ್ಬೆರಳು ತೋರುಬೆರಳನ್ನು ತಿಕ್ಕುತ್ತಿತ್ತು, ಔಷಧದ ಗುಳಿಗೆ ಉರುಳಿಸುವವರ ಹಾಗೆ, ಅದರ ಪಾಡಿಗೆ ಅದು. ಚಡಪಡಿಕೆ ಸಹಜ ಎಂದು ಕರಪತ್ರದಲ್ಲೇ ಇದೆಯಲ್ಲ.

ಜೂನ್ ೫, ಭಾನುವಾರ

ಹೆಬ್ಬೆರಳಿನ ಸರ್ಕಾರ ಬಂದ ಮೇಲೆ ಇಪ್ಪತ್ತು ಆಟ, ಹದಿನಾಲ್ಕು ಗೆಲುವು. ಕದಿಯಬಾರದ ಹೊತ್ತಿನಲ್ಲಿ ಕದಿಯುತ್ತೇವೆ. ಏಳು ರನ್ ಮುಂದಿದ್ದಾಗ ಕದಿಯುತ್ತೇವೆ, ಎಂಟು ಹಿಂದಿದ್ದಾಗಲೂ ಕದಿಯುತ್ತೇವೆ. ಎದುರಾಳಿಗಳು ನನ್ನ ಮೂಗು ಕಿವಿಗಳ ಚಿತ್ರ ತೆಗೆದು ಅಧ್ಯಯನ ಮಾಡುತ್ತಿದ್ದಾರಂತೆ. ಊರ ಪೇಪರು 'ಕ್ವಿನ್ಸ್ ಲ್ಯಾಂಡಿಂಗ್‌ನ ಎಂಟೆದೆಯ ಮುದುಕ' ಎಂದು ಬರೆಯಿತು. ಡೊರೀನ್ ಅದನ್ನು ಕತ್ತರಿಸಿ ಫ್ರಿಜ್ಜಿಗೆ ಅಂಟಿಸಿ, "ಎಂಟೆದೆಯವರೇ, ಕಸದ ಡಬ್ಬ ಆಚೆ ಇಡಿ," ಎಂದಳು.

ಸನ್ನೆ ಬದಲಾಯಿಸಬೇಕು ಎಂದು ಎರಡು ಸಲ ಯೋಚಿಸಿದೆ. ಬದಲಾಯಿಸಿದರೆ ಯಾಕೆಂದು ಹೇಳಬೇಕು. ಗೆಲ್ಲುವಾಗ ಯಾರಾದರೂ ಚಡ್ಡಿಯನ್ನೂ ಬದಲಾಯಿಸುತ್ತಾರೆಯೇ?

ಇನ್ನೊಂದು ಶುಭವಾರ್ತೆ: ನನ್ನ ಅಕ್ಷರ ಚಿಕ್ಕದಾಗಿ, ಮುದ್ದಾಗಿ ಬರುತ್ತಿದೆ. ಏಪ್ರಿಲಿನಲ್ಲಿ ಪುಟಕ್ಕೆ ಹದಿನೈದು ಸಾಲು ಹಿಡಿಯುತ್ತಿತ್ತು. ಈಗ ಇಪ್ಪತ್ತಾರು. ಇದೇ ವೇಗದಲ್ಲಿ ಹೋದರೆ ಈ ನೋಟ್‌ಬುಕ್ಕು ನನ್ನ ಆಯುಷ್ಯಕ್ಕೆ ಸಾಕು.

ಜೂನ್ ೨೩, ಗುರುವಾರ

ಲಾಮರ್ ಪೆಟ್ಟಿಗ್ರೂ ಆಟಗಾರರ ಮೈಕೈ ನೋವು ನೋಡುವವನು. ಊತಕ್ಕೆ ಐಸು, ಉಳುಕಿಗೆ ಪಟ್ಟಿ. ಇವತ್ತು ಬಾಗಿಲು ಹಾಕಿ ಕೂರಿಸಿದ.

"ಆರ್ಲೋ, ಎಡಗಾಲು ಎಳೀತಾ ಇದೀಯ. ಚೌಕದ ಸುಣ್ಣ ಎಲ್ಲ ನಿನ್ನ ಶೂನಲ್ಲೇ ಇರುತ್ತೆ."

"ಚೌಕ ಹಾಕೋನು ಸುಣ್ಣ ಜಾಸ್ತಿ ಸುರೀತಾನೆ."

"ಕೈ?"

"ಹೊಗೆಸೊಪ್ಪು."

"ಹೊಗೆಸೊಪ್ಪು ಬಿಟ್ರೆ ಎರಡೂ ಕೈ ನಡುಗುತ್ತೆ, ಒಂದೇ ಅಲ್ಲ. ಡಾಕ್ಟರ ಹತ್ರ ಹೋಗು ಮಾರಾಯ. ನಮ್ಮಪ್ಪನಿಗೂ ಹೀಗೇ ಶುರುವಾಗಿದ್ದು."

ಅವರಪ್ಪನ ಸುದ್ದಿ ನನಗೆ ಯಾಕೆ. ಅವರಪ್ಪ ಬೇಸ್‌ಬಾಲ್ ಆಡಿದವರೇ ಅಲ್ಲ.

ಜುಲೈ ೧೧, ಸೋಮವಾರ

ಬಸ್ಸಿನಲ್ಲಿ ಆರು ಗಂಟೆ. ನಾಲ್ಕು ಸೀಟು ಬದಲಾಯಿಸಿದೆ. ಯಾವುದರಲ್ಲೂ ಮೈ ಕೂರಲಿಲ್ಲ.

ಪಕ್ಕದಲ್ಲಿ ರಾಡಾಮೆಸ್ ಬಿಯೆರ್ ಇದ್ದ. ಡೊಮಿನಿಕನ್ ಗಣರಾಜ್ಯದಿಂದ ಜೂನ್ ಕೊನೆಗೆ ಬಂದ, ಎರಡನೇ ಮೂರನೇ ಬೇಸುಗಳ ನಡುವೆ ಕಾಯುವ ಶಾರ್ಟ್‌ಸ್ಟಾಪ್. ಇಪ್ಪತ್ತೆರಡು ವರ್ಷ, ಬೆಕ್ಕಿನ ಪಾದ. ನಮ್ಮ ಭಾಷೆ ಅಷ್ಟಿಷ್ಟು. ಹೇಳಿದ್ದನ್ನು ಮಾತ್ರ ಚಾಚೂ ತಪ್ಪದೆ ಮಾಡುತ್ತಾನೆ. "ಕೋಚ್, ನೀವು ಮೇಲೆ ಆಡಿದೀರಾ? ದೊಡ್ಡ ತಂಡ?" ಎಂದು ಕೇಳಿದ.

ಆಡಿದ್ದೇನೆ. ಕೆಳಗಿನ ಮೆಟ್ಟಿಲುಗಳಲ್ಲಿ ಹನ್ನೊಂದು ವರ್ಷ ಎರಡನೇ ಬೇಸು ಕಾದ ಮೇಲೆ, ೧೯೫೯ರಲ್ಲಿ ಹನ್ನೊಂದು ದಿನ ಮೇಲೆ ಇದ್ದೆ. ಬ್ಯಾಟು ಹಿಡಿದದ್ದು ಒಂದೇ ಸಲ. ಮೈದಾನ ತುಂಬಿತ್ತು. ಚೆಂಡೆಸೆಗಾರ ದಣಿದಿದ್ದ, ಅವನ ಚೆಂಡು ನನಗೆ ಕುಂಬಳಕಾಯಿಯಷ್ಟು ದಪ್ಪ ಕಾಣುತ್ತಿತ್ತು. ಮೂರನೇ ಬೇಸಿನ ಕೋಚಿನತ್ತ ನೋಡಿದೆ. ಆತ ಬೆಲ್ಟಿನ ಬಕಲ್ ಮುಟ್ಟಿದ: ಬೀಸಬೇಡ, ಚೆಂಡಿಗೆ ಬ್ಯಾಟು ತಾಗಿಸಿ ಬಿಡು, ನೀನು ಔಟಾದರೂ ಪರವಾಗಿಲ್ಲ, ಓಟಗಾರ ಮುಂದೆ ಹೋಗಲಿ. ತಾಗಿಸಿದೆ. ಔಟಾದೆ. ಓಟಗಾರ ಮುಂದೆ ಹೋದ. ಅಂಥ ತ್ಯಾಗವನ್ನು ದಾಖಲೆಯಲ್ಲಿ ಬ್ಯಾಟು ಹಿಡಿದ ಸರದಿಯೆಂದೇ ಎಣಿಸುವುದಿಲ್ಲ. ಹಾಗಾಗಿ ಪುಸ್ತಕದಲ್ಲಿ ನನ್ನ ಹೆಸರಿನ ಮುಂದೆ ಆಡಿದ್ದು ಸೊನ್ನೆ, ಹೊಡೆದದ್ದು ಸೊನ್ನೆ. ಆಮೇಲೆ ಮೊಣಕಾಲು ಹೋಯಿತು. ಆಮೇಲೆ ಇಪ್ಪತ್ತಾರು ವರ್ಷದ ಕೋಚ್‌ಗಿರಿ, ಒಂಬತ್ತು ಊರು, ಎಲ್ಲ ಕೆಳಗಿನ ಮೆಟ್ಟಿಲುಗಳಲ್ಲೇ.

"ಆಡಿದೀನಿ," ಎಂದೆ.

"ಹೇಗಿತ್ತು?"

"ಸನ್ನೆ ಚೆನ್ನಾಗಿ ಕಾಣ್ತಿತ್ತು."

ಜುಲೈ ೩೦, ಶನಿವಾರ

ಈ ಸಾಲು ಬರೆಯುವಾಗ ಎದ್ದು ಎರಡು ಸಲ ಅಡಿಗೆಮನೆ ಸುತ್ತಿ ಬಂದೆ.

ದೊಡ್ಡ ತಂಡದಿಂದ ವಾರ್ನರ್ ಡೀಕಿನ್ಸ್ ಎಂಬಾತ ಟಟಲ್‌ಗೆ ಫೋನು ಮಾಡಿದ್ದ. ಅವರ ಮೂರನೇ ಬೇಸಿನ ಕೋಚು ಸೆಪ್ಟೆಂಬರಿಗೆ ಬೇರೆ ಕಡೆ ಹೋಗುತ್ತಾನೆ. ಅವರಿಗೆ 'ಧೈರ್ಯವಂತ' ಬೇಕಂತೆ. ಡೀಕಿನ್ಸ್ ಆಗಸ್ಟ್ ಇಪ್ಪತ್ತಕ್ಕೆ ಬಂದು ನನ್ನನ್ನು ನೋಡುತ್ತಾನೆ.

"ನಲವತ್ತು ಸಾವಿರ ಜನರ ಮುಂದೆ ಮೂಗು ತಿಕ್ತೀಯ ಆರ್ಲೋ!" ಎಂದ ಟಟಲ್.

ಡೊರೀನ್ ಮಾತ್ರ, "ಅವರು ವೈದ್ಯಪರೀಕ್ಷೆ ಮಾಡ್ತಾರಾ?" ಎಂದು ಕೇಳಿದಳು. ಸಂತೋಷಪಡಲು ಬಾರದವರ ಪ್ರಶ್ನೆ.

ಆಗಸ್ಟ್ ೯, ಮಂಗಳವಾರ

ಎಡಗೈಯನ್ನು ಹಿಂದಿನ ಜೇಬಿನಲ್ಲಿ ಬಂಧಿಸಿ ಕನ್ನಡಿಯ ಮುಂದೆ ನಿಂತೆ. ಜೇಬಿನೊಳಗೆ ಇಲಿ ಹೊಕ್ಕ ಹಾಗೆ ಕಾಣುತ್ತದೆ. ತಂಡದ ಹೆಸರಿಗೇನೋ ಹೊಂದುತ್ತದೆ. ಕೈ ಕಟ್ಟಿದೆ: ಮೊಣಕೈ ಕುಣಿಯಿತು. ಮಂಡಿಯ ಮೇಲೆ ಊರಿದೆ: ಮಂಡಿಯೂ ಸೇರಿಕೊಂಡಿತು.

ಹನ್ನೊಂದು ದಿನ ಇದೆ. ಹನ್ನೊಂದು ದಿನದಲ್ಲಿ ಹೊಗೆಸೊಪ್ಪಿನ ಶಾಪ ಕಳೆಯದೇ?

ಆಗಸ್ಟ್ ೧೪

ಕಳೆಯಲಿಲ್ಲ. ಗೆದ್ದೆವು.

ಆಗಸ್ಟ್ ೨೦, ಶನಿವಾರ

ಮಧ್ಯಾಹ್ನದ ಆಟ. ಬಿಸಿಲು. ಡೀಕಿನ್ಸ್ ಮುಂದಿನ ಸಾಲಿನಲ್ಲಿ ಹುಲ್ಲುಟೋಪಿ ಹಾಕಿಕೊಂಡು, ತೊಡೆಯ ಮೇಲೆ ಪುಸ್ತಕ ಇಟ್ಟುಕೊಂಡು ಕೂತಿದ್ದ.

ಕೊನೆಯ ಸರದಿ, ಸ್ಕೋರು ಸಮ. ಮೂರನೇ ಬೇಸಿನಲ್ಲಿ ರಾಡಾಮೆಸ್, ನನ್ನಿಂದ ಮಾರು ದೂರ. ಬ್ಯಾಟು ಹಿಡಿದವನು ಓಲ್‌ಸ್ಟಾಡ್. ಅವನು ಒಂದು ಸಾಧಾರಣ ಹೊಡೆತ ಹೊಡೆದರೆ ಸಾಕು, ರಾಡಾಮೆಸ್ ನಡೆದುಕೊಂಡು ಮನೆ ಸೇರುತ್ತಾನೆ. ನಾನು ಹೇಳಬೇಕಾದದ್ದು ಏನೂ ಇರಲಿಲ್ಲ. ಏನೂ ಹೇಳಲೂ ಇಲ್ಲ. ಕೈ ಇಳಿಬಿಟ್ಟೆ.

ರಾಡಾಮೆಸ್ ನನ್ನ ಕೈ ನೋಡಿದ. ತಲೆ ಆಡಿಸಿದ.

ನಮ್ಮ ಆಟದಲ್ಲಿ ಕೊನೆಯ ಬೇಸಿಗೆ ಮನೆ ಎಂದೇ ಹೆಸರು. ಅದನ್ನು ಕದಿಯುವ ಮನೆಗಳ್ಳತನ ವರ್ಷಕ್ಕೊಮ್ಮೆ ನಡೆದರೆ ಹೆಚ್ಚು. ಚೆಂಡು ಬರುವ ದಾರಿಗೇ ಓಟಗಾರ ತಲೆ ಕೊಟ್ಟು ನುಗ್ಗಬೇಕು. ಬ್ಯಾಟು ಹಿಡಿದವನು ಸನ್ನೆ ನೋಡಿ ಬ್ಯಾಟನ್ನು ತಡೆದು ನಿಲ್ಲಬೇಕು. ಓಲ್‌ಸ್ಟಾಡ್ ತಡೆಯಲಿಲ್ಲ. ಮೈಯ ತೂಕವನ್ನೆಲ್ಲ ಹಾಕಿ ಬೀಸಿದ. ರಾಡಾಮೆಸ್ ಆ ಬೀಸಿನ ಅಡಿಗೆ ಜಾರಿದ. ಟಪ್ ಎಂದು ಒಂದು ಸದ್ದು ಕೇಳಿತು.

ಬ್ಯಾಟು ಚೆಂಡಿಗೆ ತಾಗಿರಲಿಲ್ಲ. ಗಾಬರಿಯಲ್ಲಿ ಕ್ಯಾಚರ್ ಚೆಂಡು ಚೆಲ್ಲಿದ. ರಾಡಾಮೆಸ್ ಮನೆ ಮುಟ್ಟಿ ಎದ್ದು ನಿಂತ. ಗೆದ್ದೆವು. ಎಂಟುನೂರು ಜನ ಬೇಲಿ ಹಾರಿ ಬಂದರು. ನನ್ನನ್ನು ಎತ್ತಿದರು. ಡೀಕಿನ್ಸ್ ಹುಲ್ಲುಟೋಪಿ ಬೀಸುತ್ತಿದ್ದ.

ಕೋಣೆಯಲ್ಲಿ ರಾಡಾಮೆಸ್ ಎಲ್ಲರಿಗೂ ಹೆಲ್ಮೆಟ್ ತೋರಿಸುತ್ತಿದ್ದ. ಬ್ಯಾಟಿನ ಹಿಡಿತಕ್ಕೆ ಹಚ್ಚುವ ಕಪ್ಪು ಅಂಟಿನ ಗೆರೆ, ಕಿವಿಯ ಮೇಲೆ, ಹೆಬ್ಬೆರಳಿನ ಉದ್ದ. "ನೀವು ಹೇಳಿದ್ರಿ ಕೋಚ್, ನಾನು ಬಂದೆ!" ಪದಕ ಸಿಕ್ಕವನ ಹಾಗೆ ನಗುತ್ತಿದ್ದ.

ತಟ್ಟೆಯನ್ನು ಡೊರೀನ್ ಕಡೆ ಸರಿಸಿ ಇದನ್ನು ಬರೆಯಲು ಕೂತೆ.

ಆಗಸ್ಟ್ ೨೧, ಭಾನುವಾರ

ಈ ಪುಟದ ಅಂಚಿನಲ್ಲಿ ಪೆನ್ಸಿಲಿನಲ್ಲಿ ಹೀಗೆ ಬರೆದಿದೆ, ದೊಡ್ಡ ಅಕ್ಷರದಲ್ಲಿ: 'ಬುಧವಾರ ಹನ್ನೊಂದಕ್ಕೆ ಡಾಕ್ಟರು. ಕ್ಷಮಿಸು, ಓದಿದೆ. ಭೂತಗನ್ನಡಿ ಬೇಕಾಯ್ತು. – ಡೊರೀನ್.'

ಗುಟ್ಟಿನ ದಿನಚರಿಗೆ ಇಂಥ ಗತಿ. ತಿಂಡಿಗೆ ಎರಡು ಮೊಟ್ಟೆ ಜಾಸ್ತಿ ಇತ್ತು.

ಬೆಳಿಗ್ಗೆ ಹನ್ನೊಂದಕ್ಕೆ ಮೈದಾನಕ್ಕೆ ಹೋದರೆ ಓಲ್‌ಸ್ಟಾಡ್ ಒಬ್ಬನೇ ಖಾಲಿ ಬೆಂಚಿನ ಮೇಲೆ ಕೂತಿದ್ದ. ಇಬ್ಬರ ಜಾಗದಲ್ಲಿ ಒಬ್ಬ, ಆದರೆ ಕುಗ್ಗಿಹೋಗಿದ್ದ.

"ಸನ್ನೆ ಕಾಣ್ಲಿಲ್ವೇನೋ ನಿಂಗೆ?" ಎಂದೆ.

"ಕಾಣ್ತು."

"ಮತ್ತೆ ಯಾಕೋ ಬೀಸ್ದೆ?"

ನೆಲ ನೋಡುತ್ತಲೇ ಹೇಳಿದ: "ಸನ್ನೆ ಅಂದ್ಕೊಳ್ಲಿಲ್ಲ ಕೋಚ್. ಕೈ ನಡುಗ್ತಿದೆ ಅಂದ್ಕೊಂಡೆ. ಯಾವಾಗ್ಲೂ ನಡುಗುತ್ತಲ್ಲ."

"ಯಾವಾಗಿಂದ ಗೊತ್ತು ನಿಂಗೆ?"

"ಮೇ ತಿಂಗಳು. ಆ ಮೊದಲನೇ ಸಲಾನೇ."

"ನಡುಕ ಅಂತ ಗೊತ್ತಿದ್ದೂ ಓಡಿದ್ಯಾ?"

ಅವನ ಕಿವಿ ಕೆಂಪಗಾಯಿತು. "ಎಂಟನೇ ವಯಸ್ಸಿಂದ ಆಡ್ತಿದೀನಿ. ಓಡು ಅಂತ ನಂಗೆ ಯಾರೂ ಹೇಳಿಲ್ಲ. ಒಬ್ರೂ. ನಿಮ್ಮ ಕೈ ಹೇಳ್ತು. ನಿಜಾನೋ ಸುಳ್ಳೋ, ಹೇಳ್ತಲ್ಲ, ಓಡಿಬಿಟ್ಟೆ." ಮತ್ತೆ, "ನಾನು ಬಾಯಿ ಬಿಟ್ಟಿದ್ರೆ ನಿಮ್ಮನ್ನ ಕಳಿಸ್ಬಿಡೋರು. ಅದಕ್ಕೆ ಸುಮ್ನಿದ್ದೆ. ರಾಡಾಮೆಸ್‌ಗೆ ಗೊತ್ತಿಲ್ಲ ಅನ್ನೋದು ಹೊಳೀಲೇ ಇಲ್ಲ ಕೋಚ್. ಬ್ಯಾಟು ಹೆಲ್ಮೆಟ್‌ಗೆ ತಾಗಿದ್ದು ಇನ್ನೂ ಕೈಯಲ್ಲಿದೆ ನಂಗೆ."

ಅವನ ಕೈ ನೋಡಿದೆ. ನನ್ನದಕ್ಕಿಂತ ಹೆಚ್ಚು ನಡುಗುತ್ತಿತ್ತು.

ಆಗಸ್ಟ್ ೨೨, ಸೋಮವಾರ

ಟಟಲ್‌ನ ಮೇಜಿನ ಮೇಲೆ ಎಡಗೈ ಇಟ್ಟೆ. ಇಡುವುದಷ್ಟೇ ನನ್ನ ಕೆಲಸ. ಉಳಿದದ್ದನ್ನು ಅದೇ ಹೇಳಿತು.

ಅವನ ಕಾಫಿ ಲೋಟದೊಳಗೆ ಚಮಚ ಕಿಣಿಕಿಣಿ ಎನ್ನುತ್ತಿತ್ತು.

"ಓಲ್‌ಸ್ಟಾಡ್ ಕದ್ದಿದ್ದು?"

"ಕೈ."

"ಹತ್ತನೇ ತಾರೀಕು ಮೂರು ಸಲ ಕದಿಯೋಕೆ ಓಡಿದ್ದು?"

"ಕೈ. ಒಂದು ಮಾತ್ರ ನಾನು. ಅದರಲ್ಲಿ ಔಟಾದ್ರು."

ನಗುತ್ತಾನೆ ಎಂದುಕೊಂಡೆ. ನಗಲಿಲ್ಲ. ಎದ್ದು ನಿಂತ. "ಶನಿವಾರ ಅವನ ತಲೆ ಒಡೀತಿತ್ತು ಆರ್ಲೋ. ನೀನು ಅದು ಕೈ ಅಂತ ಗೊತ್ತಿದ್ದೂ ಅಲ್ಲಿ ನಿಂತಿದ್ದೆ. ಮೂರು ತಿಂಗಳು! ಅವರಮ್ಮನಿಗೆ ಫೋನ್ ಮಾಡ್ಬೇಕಾದೋನು ನಾನು, ನೀನಲ್ಲ." ಬಾಗಿಲು ಹೊಡೆದುಕೊಂಡು ಹೊರಗೆ ಹೋದ. ಅದು ಅವನದೇ ಕೋಣೆ ಎಂದು ನೆನಪಾಗಿ ವಾಪಸು ಬಂದ.

"ಚೌಕದಲ್ಲಿ ಇನ್ನು ನಾನು ನಿಲ್ತೀನಿ," ಎಂದ. "ಡೀಕಿನ್ಸ್‌ಗೆ ನೀನೇ ಹೇಳ್ತೀಯೋ, ನಾನು ಹೇಳ್ಲೋ?"

ನಾನೇ ಎಂದೆ. ಬೆಂಚಿನಲ್ಲಿ ಕೂತು ಆಟ ನೋಡಿದೆ. ಕೂತೆ ಎಂದರೆ, ಕೂತೂ ಎದ್ದೂ.

ಆಗಸ್ಟ್ ೨೪, ಬುಧವಾರ

ಡಾಕ್ಟರು ಗೆರೆಯ ಮೇಲೆ ನಡೆಸಿದರು, ಬೆರಳು ತಟ್ಟಿಸಿದರು, ಕಾಫಿಪುಡಿ ಮೂಸಿಸಿದರು. ಏನೂ ವಾಸನೆ ಇಲ್ಲ ಎಂದೆ. ಸಾಸೇಜ್ ಅಂಗಡಿಯವಳಿಗೆ ಕ್ಷಮೆ ಕೇಳಬೇಕು.

ಪಾರ್ಕಿನ್ಸನ್. ಆ ಹೆಸರಿನವನೊಬ್ಬ ಹಿಂದೆ ನಮ್ಮ ತಂಡದಲ್ಲಿ ಆಡುತ್ತಿದ್ದ, ಅವನೂ ಯಾವ ಉಪಯೋಗಕ್ಕೂ ಬರಲಿಲ್ಲ. ಮಾತ್ರೆ ಇದೆಯಂತೆ. ಹಿಂದಕ್ಕೆ ಹೋಗುವುದಿಲ್ಲವಂತೆ, ಮುಂದಕ್ಕೆ ಹೋಗುವುದನ್ನು ಸ್ವಲ್ಪ ನಿಧಾನ ಮಾಡಬಹುದಂತೆ.

"ಕೈ ಸುಮ್ಮನಿದ್ದಾಗ ನಡುಕ. ಕೈಗೆ ಕೆಲಸ ಕೊಟ್ಟ ತಕ್ಷಣ ನಿಲ್ಲುತ್ತೆ, ಗಮನಿಸಿದೀರಾ?" ಎಂದರು.

ಗಮನಿಸಿರಲಿಲ್ಲ. ಭೂಮಂಡಲದ ನೂರಾರು ಉದ್ಯೋಗಗಳಲ್ಲಿ, ಸುಮ್ಮನೆ ಕೈ ಇಳಿಬಿಟ್ಟು ನಿಲ್ಲುವುದನ್ನೇ ಕೆಲಸವಾಗಿ ಪಡೆದ ಮನುಷ್ಯನನ್ನು ಹುಡುಕಿಕೊಂಡು ಬಂದಿದೆ ಕಾಯಿಲೆ.

ಕಾರಿನಲ್ಲಿ ಡೊರೀನ್ ನನ್ನ ಎಡಗೈ ಹಿಡಿದುಕೊಂಡಿದ್ದಳು. ಕೆಂಪುದೀಪದಲ್ಲಿ, "ಈಗ ನನಗೆ ಓಡು ಅಂತಿದೆಯಾ ಇದು?" ಎಂದಳು. "ಓಡೋದಾದ್ರೆ ಈಗ್ಲೇ ಓಡು," ಎಂದೆ. ಹಸಿರಾದರೂ ಅವಳು ಕಾರು ಬಿಡಲಿಲ್ಲ. ಹಿಂದಿನವನು ಹಾರನ್ ಹೊಡೆದ.

ಆಗಸ್ಟ್ ೨೬, ಶುಕ್ರವಾರ

ಡೀಕಿನ್ಸ್ ಫೋನಿನಲ್ಲಿ ಮಾತಾಡಲು ಬಿಡಲೇ ಇಲ್ಲ. ಗುರುವಾರದಿಂದ ಸೇರಿಕೊಳ್ಳಬೇಕು, ಅಂಗಿಯ ಅಳತೆ ಹೇಳಿ, ಆ ಮನೆಗಳ್ಳತನದ ಕಥೆಯನ್ನು ನಮ್ಮವರೆಲ್ಲ ಹತ್ತು ಸಲ ಹೇಳಿಸಿಕೊಂಡು ಕೇಳಿದರು, ಎನ್ನುತ್ತಲೇ ಇದ್ದ. ಒಂದು ನಿಮಿಷದ ಕಾಲ ನಾನೂ ಅಳತೆ ಹೇಳಿದೆ. ನಲವತ್ತೆರಡು. ಆ ಒಂದು ನಿಮಿಷ ಚೆನ್ನಾಗಿತ್ತು.

ಆಮೇಲೆ ಹೇಳಿದೆ.

ಆ ಕಡೆ ಡೀಕಿನ್ಸ್ ಪೆನ್ನು ಕೆಳಗಿಟ್ಟ ಸದ್ದು ಕೇಳಿತು. "ಅಯ್ಯೋ ವಾನಿಚೆಕ್, ನಾನು ವರದಿಯಲ್ಲಿ 'ಇಂಥ ಧೈರ್ಯ ಮೂವತ್ತು ವರ್ಷದಲ್ಲಿ ಕಂಡಿಲ್ಲ' ಅಂತ ಬರೆದು ಕಳಿಸ್ಬಿಟ್ಟಿದೀನಲ್ರೀ," ಎಂದ.

"ಅಳಿಸಿಬಿಡಿ."

"ಅಳಿಸೋದಾ?" ಎಂದ. "ಆ ಮಾತು ಹಾಗೇ ಇರುತ್ತೆ, ದಿನಾಂಕ ಮಾತ್ರ ಇವತ್ತಿಂದು ಹಾಕ್ತೀನಿ."

ಫೋನು ಇಟ್ಟ ಮೇಲೆ ಹಿತ್ತಲಿಗೆ ಹೋಗಿ, ಕಳೆ ಇಲ್ಲದ ಪಾತಿಯಲ್ಲಿ ಒಂದು ಗಂಟೆ ಕಳೆ ಕಿತ್ತೆ.

ಆಗಸ್ಟ್ ೨೯, ಸೋಮವಾರ

ಮಧ್ಯಾಹ್ನ ಟಟಲ್, "ಮುಂದಿನ ವರ್ಷದ್ದು ನನ್ನ ಕೈಲಿಲ್ಲ, ಈ ವಾರದ್ದು ಇದೆ," ಎಂದು ಬ್ಯಾಟನ್ನೂ ಚೆಂಡಿನ ಬುಟ್ಟಿಯನ್ನೂ ನನ್ನ ಮುಂದೆ ಇಟ್ಟ. ನೂರಿಪ್ಪತ್ತು ಚೆಂಡು ಹೊಡೆದೆ. ಎಡಗೈಯಿಂದ ಚೆಂಡು ಮೇಲೆ ಹಾರಿಸುವುದು, ಎರಡೂ ಕೈಯಿಂದ ಹೊಡೆಯುವುದು. ಒಂದು ಸಲವೂ ನಡುಗಲಿಲ್ಲ. ರಾಡಾಮೆಸ್‌ಗೆ ಎಲ್ಲ ಹೇಳಿದ್ದೇನೆ, ನಿಧಾನವಾಗಿ, ಸುಲಭದ ಮಾತಿನಲ್ಲಿ. ಅವನು ಹೆಲ್ಮೆಟ್ ತೆಗೆದು ಆ ಗೆರೆಯನ್ನು ಉಗುರಿನಿಂದ ಕೆರೆದ, ಹೋಗಲಿಲ್ಲ. "ಇನ್ನೊಂದು ಹೊಡೀರಿ ಕೋಚ್," ಎಂದ. ನಗುತ್ತಿರಲಿಲ್ಲ. ಆದರೆ ನನ್ನ ಎದುರಿಗೇ ನಿಂತಿದ್ದ. ಹೊಡೆದೆ.

ಸಂಜೆ ಚೌಕದಲ್ಲಿ ಟಟಲ್. ಅವನ ಸನ್ನೆ ನೋಡಿದರೆ ನಿಜವಾಗಿಯೂ ಇರುವೆ ಹತ್ತಿದ ಹಾಗಿರುತ್ತದೆ. ಐದು ರನ್ ಹಿಂದಿದ್ದೆವು. ಓಲ್‌ಸ್ಟಾಡ್ ಮೊದಲ ಬೇಸಿಗೆ ಬಂದ. ಚೌಕದ ಕಡೆ ನೋಡಿದ, ಏನೂ ಇಲ್ಲ. ಆಮೇಲೆ ಬೆಂಚಿನಲ್ಲಿದ್ದ ನನ್ನತ್ತ ನೋಡಿದ. ನಾನು ಎರಡೂ ಕೈಯನ್ನು ತೊಡೆಯ ಕೆಳಗೆ ಹಾಕಿಕೊಂಡು ಕೂತೆ. ಅವನು ತಲೆ ತಗ್ಗಿಸಿ ಬೇಸಿಗೆ ಅಂಟಿಕೊಂಡ.

ಎದ್ದು ಹೋಗಿ, "ಹರ್ಶೆಲ್, ಅವನಿಗೆ ಒಂದ್ಸಲ ಓಡು ಅನ್ನು," ಎಂದೆ.

"ತಲೆ ಕೆಟ್ಟಿದೆಯಾ? ಬೆಳಿಗ್ಗೆ ಹೊರಟ್ರೆ ಸಂಜೆಗೆ ತಲುಪ್ತಾನೆ."

"ಗೊತ್ತು. ನೀನು ಬಾಯಿ ಬಿಟ್ಟು ಹೇಳು. ಸನ್ನೆ ಬೇಡ."

ಟಟಲ್ ನನ್ನನ್ನು ನೋಡಿದ, ಸೋಲುತ್ತಿದ್ದ ಸ್ಕೋರು ಫಲಕ ನೋಡಿದ. ಬಾಯಿಗೆ ಎರಡೂ ಕೈ ಅಡ್ಡ ಹಿಡಿದು, ಇಡೀ ಊರಿಗೆ ಕೇಳುವ ಹಾಗೆ, "ಮ್ಯಾಕ್! ಓಡೋ!" ಎಂದು ಕೂಗಿದ.

ಎರಡನೇ ಬೇಸಿನವನು ಚೆಂಡು ಹಿಡಿದುಕೊಂಡು ಆಕಳಿಸುತ್ತಾ ಕಾದ. ಓಲ್‌ಸ್ಟಾಡ್ ಅರ್ಧ ದಾರಿಯಲ್ಲಿದ್ದಾಗಲೇ ಔಟೆಂದು ಎಲ್ಲರಿಗೂ ಗೊತ್ತಾಗಿತ್ತು. ಅವನಿಗೂ ಗೊತ್ತಾಗಿತ್ತು. ಆದರೂ ನಿಲ್ಲಿಸಲಿಲ್ಲ, ಹೊಟ್ಟೆಯ ಮೇಲೆ ಜಾರಿದ. ಧೂಳು ಇಳಿಯಲು ಒಂದು ನಿಮಿಷ ಬೇಕಾಯಿತು. ಎದ್ದು, ಬಕಲ್‌ನಿಂದ ಗಲ್ಲದವರೆಗೆ ಮಣ್ಣಾಗಿ, ಬೆಂಚಿಗೆ ವಾಪಸು ನಡೆದು ಬರುವಾಗ ಅವನ ಮುಖ ನೋಡಬೇಕಿತ್ತು. ಪಕ್ಕದಲ್ಲಿ ಕೂತು ಏದುಸಿರು ಬಿಡುತ್ತಾ, "ಹತ್ತಿರ ಇತ್ತಾ ಕೋಚ್?" ಎಂದ.

"ಕೂದಲೆಳೆ," ಎಂದೆ.

ಇನ್ನು ಏಳು ಆಟ ಇವೆ. ಡೊರೀನ್, ಇದನ್ನೂ ನೀನು ಓದುತ್ತೀಯ, ಅದಕ್ಕೇ ಈ ಸಾಲನ್ನು ಕಷ್ಟಪಟ್ಟು ದೊಡ್ಡದಾಗಿ ಬರೆಯುತ್ತಿದ್ದೇನೆ. ಇವತ್ತು ತಂಡದ ಅಂಗಿಯ ಗುಂಡಿ ಹಾಕಿಕೊಳ್ಳಲು ನನಗೆ ಹದಿನೆಂಟು ನಿಮಿಷ ಹಿಡಿಯಿತು. ನಾಳೆ ಇಸ್ತ್ರಿ ಮಾಡಿದ ಮೇಲೆ, ಕೆಳಗಿನ ನಾಲ್ಕು ಗುಂಡಿ ಹಾಕಿಯೇ ತೂಗುಹಾಕು, ತಲೆಯ ಮೇಲಿಂದ ಎಳೆದುಕೊಳ್ಳುತ್ತೇನೆ. ಮೇಲಿನ ಎರಡು ಹಾಗೇ ಇರಲಿ, ಅವನ್ನು ನಾನೇ ಹಾಕಿಕೊಳ್ಳುತ್ತೇನೆ.